ಬ್ರೇವ್ಸ್ ಮೈದಾನ ಯಾರ ಸ್ವತ್ತು?

ಅಮೆರಿಕಾದ ಬಾಸ್ಟನ್ ನಗರದಲ್ಲಿ ಕಾಮನ್‌ವೆಲ್ತ್ ಅವೆನ್ಯೂ ಅಂತ ಒಂದು ಉದ್ದನೆಯ ರಸ್ತೆ. ರಸ್ತೆಯ ನಡುವೆ ಟ್ರಾಮು ಓಡುತ್ತದೆ. ಪಶ್ಚಿಮಕ್ಕೆ ಹೋಗುವ ಟ್ರಾಮಿನಲ್ಲಿ ಬಲಗಡೆಯ ಕಿಟಕಿ ಹಿಡಿದು ಕೂತವರಿಗೆ ಬಾಸ್ಟನ್ ವಿಶ್ವವಿದ್ಯಾನಿಲಯದ ಮೂರು ಎತ್ತರದ ಹಾಸ್ಟೆಲುಗಳು ಕಾಣುತ್ತವೆ. ಅವುಗಳ ಬೆನ್ನಿಗೆ ಒಂದು ಆಟದ ಮೈದಾನ. ಹೆಸರು ನಿಕರ್‌ಸನ್ ಫೀಲ್ಡ್. ಹುಡುಗ ಹುಡುಗಿಯರು ಫುಟ್‌ಬಾಲ್ ಆಡುತ್ತಾರೆ, ನೋಡುವವರು ಒಂದು ಹಳೇ ಕಾಂಕ್ರೀಟ್ ಗ್ಯಾಲರಿಯಲ್ಲಿ ಕೂರುತ್ತಾರೆ. ಯಾವ ಕಾಲೇಜಿನಲ್ಲಾದರೂ ಇರಬಹುದಾದ ಮೈದಾನ ಅಂದುಕೊಂಡು ಟ್ರಾಮಿನವರು ಮುಂದೆ ಹೋಗುತ್ತಾರೆ.

ಆ ಹಳೇ ಗ್ಯಾಲರಿಯನ್ನು ಕಟ್ಟಿದ್ದು ವಿಶ್ವವಿದ್ಯಾನಿಲಯವಲ್ಲ. ಅದು ಬ್ರೇವ್ಸ್ ಫೀಲ್ಡ್ ಎಂಬ ಬೇಸ್‌ಬಾಲ್ ಮೈದಾನದ ಉಳಿದ ತುಂಡು. 1915ರಿಂದ 1952ರವರೆಗೆ ಅಲ್ಲಿ ಲಕ್ಷಾಂತರ ಜನ ಕಾಸು ಕೊಟ್ಟು ಕೂತು ಕೂಗಿದ್ದಾರೆ. 1953ರಲ್ಲಿ ವಿಶ್ವವಿದ್ಯಾನಿಲಯ ಅದನ್ನು ಕೊಂಡಿತು. 1995ರಲ್ಲಿ ಅದೇ ವಿಶ್ವವಿದ್ಯಾನಿಲಯ ತನ್ನ ಬೇಸ್‌ಬಾಲ್ ತಂಡವನ್ನೇ ಮುಚ್ಚಿಬಿಟ್ಟಿತು. ಬೇಸ್‌ಬಾಲಿಗಾಗಿಯೇ ಕಟ್ಟಿದ ಮೈದಾನ ಇದೆ, ಬೇಸ್‌ಬಾಲ್ ಇಲ್ಲ. ದೇವಸ್ಥಾನ ಉಳಿಸಿ ಮೂರ್ತಿ ತೆಗೆದ ಹಾಗಾಯ್ತು. ಹೀಗೆ ಮಾಡಲು ಅವರಿಗೆ ಹಕ್ಕಿತ್ತೇ? ಕಾಗದದ ಪ್ರಕಾರ ಖಂಡಿತ ಇತ್ತು. ಕಾಗದದ ಹೊರಗೆ ಇತ್ತೇ ಎಂಬುದು ಪ್ರಶ್ನೆ.

ಕಂಟ್ರಾಕ್ಟರ್ ಕಟ್ಟಿದ ಕೋಟೆ

ಕ್ರಿಕೆಟ್ ಬಲ್ಲವರಿಗೆ ಬೇಸ್‌ಬಾಲ್ ತಿಳಿಯುವುದು ಕಷ್ಟವಲ್ಲ. ಒಬ್ಬ ಎಸೆಯುತ್ತಾನೆ, ಇನ್ನೊಬ್ಬ ದೊಣ್ಣೆಯಲ್ಲಿ ಬಾರಿಸುತ್ತಾನೆ. ಬಾರಿಸಿದವನು ನಾಲ್ಕು ಮೂಲೆ ಸುತ್ತಿ ಹೊರಟ ಜಾಗಕ್ಕೇ ಬಂದರೆ ಒಂದು ರನ್. ಒಂದೊಂದು ತಂಡಕ್ಕೆ ಒಂಬತ್ತು ಇನ್ನಿಂಗ್ಸ್. ಚೆಂಡು ಬೇಲಿ ದಾಟಿದರೆ ಹೋಮ್ ರನ್, ಅಂದರೆ ಹೆಚ್ಚುಕಡಿಮೆ ನಮ್ಮ ಸಿಕ್ಸರ್.

ಬಾಸ್ಟನ್ ಬ್ರೇವ್ಸ್ ತಂಡದ ಮಾಲೀಕ ಜೇಮ್ಸ್ ಗ್ಯಾಫ್ನಿ ನ್ಯೂಯಾರ್ಕಿನ ಕಂಟ್ರಾಕ್ಟರ್. ಅಲ್ಲಿಯ ಟ್ಯಾಮನಿ ಹಾಲ್ ಎಂಬ ರಾಜಕೀಯ ಕೂಟಕ್ಕೆ ಸೇರಿದವನು. ಆ ಕೂಟದ ಗುರುತು ರೆಡ್ ಇಂಡಿಯನ್ ಮುಖಂಡನ ಚಿತ್ರ. ತಂಡಕ್ಕೆ ಬ್ರೇವ್ಸ್ ಎಂಬ ಹೆಸರು ಬಂದದ್ದೂ ಅಲ್ಲಿಂದಲೇ. 1914ರ ಜುಲೈ ಮೊದಲ ವಾರದಲ್ಲಿ ಈ ತಂಡ ಪಟ್ಟಿಯ ಕಟ್ಟಕಡೆಯಲ್ಲಿತ್ತು. ಅಲ್ಲಿಂದ ಎದ್ದು ಲೀಗ್ ಗೆದ್ದಿತು. ವರ್ಲ್ಡ್ ಸೀರೀಸ್ ಎಂಬ ಅಂತಿಮ ಪಂದ್ಯಾವಳಿಯಲ್ಲಿ ಫಿಲಡೆಲ್ಫಿಯಾವನ್ನು ನಾಲ್ಕಕ್ಕೆ ನಾಲ್ಕೂ ಸೋಲಿಸಿತು. ಸ್ವಂತ ಮೈದಾನ ಚಿಕ್ಕದಾಗಿದ್ದರಿಂದ ಅದೇ ಊರಿನ ಎದುರಾಳಿ ರೆಡ್ ಸಾಕ್ಸ್ ತಂಡದ ಫೆನ್‌ವೇ ಪಾರ್ಕನ್ನು ಕೇಳಿ ಪಡೆದು ಆಡಬೇಕಾಯ್ತು.

ಗೆದ್ದ ಮೇಲೆ ಗ್ಯಾಫ್ನಿಗೆ ದೊಡ್ಡ ಮನಸ್ಸು ಬಂತು. ಊರಿನ ಪಶ್ಚಿಮಕ್ಕೆ, ಹಿಂದೆ ಗಾಲ್ಫ್ ಆಡುತ್ತಿದ್ದ ಜಾಗದಲ್ಲಿ, ಸುಮಾರು 40 ಸಾವಿರ ಜನ ಕೂರುವ ಕಾಂಕ್ರೀಟ್ ಮೈದಾನ ಕಟ್ಟಿಸಿದ. 1915ರ ಆಗಸ್ಟ್ 18ರಂದು ಬಾಗಿಲು ತೆರೆಯಿತು. ಬ್ರೇವ್ಸ್ ತಂಡ ಸೇಂಟ್ ಲೂಯಿಸ್ ತಂಡವನ್ನು 3-1ರಲ್ಲಿ ಸೋಲಿಸಿತು. ಬಸ್ಸಿಗೆ ಕಾದು ಕಾದು ಸಾಕಾದವರು ಒಂದು ಮಾತು ಗಮನಿಸಬೇಕು: ಟ್ರಾಮಿನ ಹಳಿಯನ್ನು ಮುಖ್ಯ ರಸ್ತೆಯಿಂದ ಒಳಕ್ಕೆ ತಿರುಗಿಸಿ ಮೈದಾನದ ಪಕ್ಕಕ್ಕೇ ತಂದಿದ್ದರು. ಆಟ ಮುಗಿಸಿ ಹೊರಗೆ ಬಂದರೆ ಟ್ರಾಮು ನಿಂತಿರುತ್ತಿತ್ತು. ಜನ ಹೇಗೆ ಬರುತ್ತಾರೆ, ಹೇಗೆ ಹೋಗುತ್ತಾರೆ ಅಂತ ಮೊದಲೇ ಯೋಚಿಸಿ ಕಟ್ಟಿದ ಜಾಗ ಅದು.

ಮುಂದಿನ ಎರಡು ವರ್ಷ ಸಾಲ ತೀರಿಸುವ ಕಾಲ. 1915, 1916ರಲ್ಲಿ ರೆಡ್ ಸಾಕ್ಸ್ ಗೆದ್ದು ಅಂತಿಮ ಪಂದ್ಯಾವಳಿಗೆ ಬಂದಾಗ, ಹೆಚ್ಚು ಜನ ಹಿಡಿಯುತ್ತದೆ ಅಂತ ಬ್ರೇವ್ಸ್ ಫೀಲ್ಡಿನಲ್ಲೇ ಆಡಿತು. ಎದುರು ಅಂಗಡಿಯವನಿಗೆ ತಕ್ಕಡಿ ಕೊಟ್ಟು ತೆಗೆದುಕೊಳ್ಳುವ ಹಾಗೆ ಎರಡು ತಂಡಗಳೂ ನಡೆದುಕೊಂಡವು. 1916ರ ಅಕ್ಟೋಬರ್ 9ರಂದು ಬೇಬ್ ರೂತ್ ಎಂಬ ತರುಣ ಇಲ್ಲಿ ಸತತ 14 ಇನ್ನಿಂಗ್ಸ್ ಚೆಂಡೆಸೆದು ರೆಡ್ ಸಾಕ್ಸ್ ತಂಡಕ್ಕೆ 2-1ರ ಜಯ ತಂದ. ಮುಂದೆ ಅವನೇ ಹೋಮ್ ರನ್‌ಗಳ ರಾಜನಾದ.

1920ರ ಮೇ 1ರ ಆಟವಂತೂ ಹೇಳಿದರೆ ನಂಬುವುದು ಕಷ್ಟ. ಬ್ರೂಕ್ಲಿನ್ ಮೇಲಿನ ಪಂದ್ಯ ಒಂಬತ್ತು ಇನ್ನಿಂಗ್ಸಿಗೆ ಮುಗಿಯಲಿಲ್ಲ. ಹದಿನೆಂಟಕ್ಕೂ ಮುಗಿಯಲಿಲ್ಲ. 26 ಇನ್ನಿಂಗ್ಸ್ ಆಡಿ, ಕತ್ತಲಾಯ್ತು ಅಂತ 1-1ಕ್ಕೆ ನಿಲ್ಲಿಸಿದರು. ಬ್ರೂಕ್ಲಿನ್ನಿನ ಲಿಯಾನ್ ಕೆಡೋರ್, ಬಾಸ್ಟನ್ನಿನ ಜೋ ಓಷ್ಗರ್ ಇಬ್ಬರೇ ಮೊದಲಿಂದ ಕೊನೆತನಕ ಎಸೆದರು. ಇಬ್ಬರೂ ಸೋಲಲಿಲ್ಲ, ಇಬ್ಬರೂ ಗೆಲ್ಲಲಿಲ್ಲ. ದೊಡ್ಡ ಲೀಗುಗಳಲ್ಲಿ ಅದಕ್ಕಿಂತ ಹೆಚ್ಚು ಇನ್ನಿಂಗ್ಸಿನ ಆಟ ಮತ್ತೆ ನಡೆದಿಲ್ಲ.

ಹನ್ನೆರಡು ಜನರ ಗ್ಯಾಲರಿ

ಇಷ್ಟೆಲ್ಲ ಇದ್ದರೂ ವ್ಯಾಪಾರ ಯಾವಾಗಲೂ ಚೆನ್ನಾಗಿರಲಿಲ್ಲ. ಮೈದಾನ ಅತಿ ದೊಡ್ಡದಾಗಿ, ಬೇಲಿ ದೂರವಾಗಿ, ಹೋಮ್ ರನ್ ಅಪರೂಪವಾಯ್ತು. ಚಾರ್ಲ್ಸ್ ನದಿಯ ಕಡೆಯಿಂದ ಎದುರುಗಾಳಿ. ಪಕ್ಕದ ರೈಲ್ವೆ ಯಾರ್ಡಿನಿಂದ ಇಂಜಿನ್ ಹೊಗೆ. ತಂಡವೂ ಸೋಲತೊಡಗಿತು. ಬಲಬದಿಯಲ್ಲಿ ಸುಮಾರು ಎರಡು ಸಾವಿರ ಜನ ಕೂರುವ ಒಂದು ಪುಟ್ಟ ಗ್ಯಾಲರಿ ಇತ್ತು. ಒಂದು ದಿನ ಪತ್ರಿಕೆಯವನೊಬ್ಬ ಎಣಿಸಿ ನೋಡಿದರೆ ಅಲ್ಲಿ ಕೂತವರು ಹನ್ನೆರಡೇ ಜನರಂತೆ. ಕೋರ್ಟಿನ ಜ್ಯೂರಿಯಲ್ಲೂ ಹನ್ನೆರಡೇ ಜನ. ಅವತ್ತಿನಿಂದ ಆ ಗ್ಯಾಲರಿಗೆ ಜ್ಯೂರಿ ಬಾಕ್ಸ್ ಅಂತಲೇ ಹೆಸರು ಬಿತ್ತು. ಹೆಸರಿಟ್ಟವರು ತಮಾಷೆಗೆ ಇಟ್ಟರು. ಆದರೆ ಗಿರಾಕಿ ಇಲ್ಲದ ದಿನವೂ ಬಂದು ಕೂತ ಆ ಹನ್ನೆರಡು ಜನರೇ ಮೈದಾನದ ನಿಜವಾದ ವಾರಸುದಾರರು ಅನ್ನಬೇಕು.

1935ರಲ್ಲಿ ಅದೇ ಬೇಬ್ ರೂತ್ ನಲವತ್ತರ ವಯಸ್ಸಿನಲ್ಲಿ ಬ್ರೇವ್ಸ್ ಅಂಗಿ ತೊಟ್ಟು ಇಲ್ಲಿಗೆ ಮರಳಿದ. ಏಪ್ರಿಲ್ 16ರ ಮೊದಲ ಆಟದಲ್ಲೇ ಹೋಮ್ ರನ್ ಬಾರಿಸಿದ. ಜನ ಹುಚ್ಚೆದ್ದರು. ಆದರೆ ಮೈ ಕೇಳಲಿಲ್ಲ. ಜೂನ್ ಹೊತ್ತಿಗೆ ಆಟ ಬಿಟ್ಟ. ಆ ವರ್ಷ ತಂಡ ಗೆದ್ದದ್ದು 38, ಸೋತದ್ದು 115. ಮರುವರ್ಷ ತಂಡದ ಹೆಸರನ್ನೇ ಬದಲಿಸಿ ಬೀಸ್, ಅಂದರೆ ಜೇನ್ನೊಣಗಳು, ಅಂತ ಇಟ್ಟರು. ಬೋರ್ಡು ಬದಲಿಸಿದರೆ ವ್ಯಾಪಾರ ಕುದುರುತ್ತದೆ ಅಂತ ನಂಬುವ ಅಂಗಡಿಯವರು ಎಲ್ಲ ಊರಲ್ಲೂ ಇದ್ದಾರಲ್ಲ! ಕುದುರಲಿಲ್ಲ. 1941ರಲ್ಲಿ ಹಳೇ ಹೆಸರೇ ವಾಪಸ್ ಬಂತು.

ಒಣಗದ ಬಣ್ಣ

1946ರ ಮೊದಲ ಪಂದ್ಯದ ದಿನ ನಡೆದದ್ದು ವ್ಯಾಪಾರಸ್ಥರೆಲ್ಲ ಓದಬೇಕಾದ ಕತೆ. ಹೊಸ ಮಾಲೀಕರು ಕುರ್ಚಿಗಳಿಗೆಲ್ಲ ಹಸಿರು ಬಣ್ಣ ಹೊಡೆಸಿದ್ದರು. ಹವೆ ತಂಪಾಗಿತ್ತು, ಬಣ್ಣ ಒಣಗಿರಲಿಲ್ಲ. ಆಟ ಮುಗಿದು ಎದ್ದು ನೋಡಿದರೆ ಸಾವಿರಾರು ಜನರ ಕೋಟು, ಪ್ಯಾಂಟು, ಲಂಗ ಎಲ್ಲ ಹಸಿರು. ಕ್ಲಬ್ಬಿನವರು ನುಣುಚಿಕೊಳ್ಳಲಿಲ್ಲ. ಪತ್ರಿಕೆಯಲ್ಲಿ ಕ್ಷಮೆ ಕೇಳಿ ಜಾಹೀರಾತು ಕೊಟ್ಟು, ಬಟ್ಟೆ ಒಗೆಸಿದ ಬಿಲ್ ತನ್ನಿ, ದುಡ್ಡು ಕೊಡುತ್ತೇವೆ ಅಂದರು. ಕೊಟ್ಟರು ಕೂಡ. ತಪ್ಪಾಯ್ತು ಅನ್ನುವುದಕ್ಕೆ ಗಲ್ಲಾಪೆಟ್ಟಿಗೆ ತೆರೆದ ಮಾಲೀಕರು ಎಷ್ಟು ಜನ ಸಿಗುತ್ತಾರೆ?

1948 ಸುಗ್ಗಿಯ ವರ್ಷ. ತಂಡ ಲೀಗ್ ಗೆದ್ದಿತು. ಆ ಸಾಲಿನಲ್ಲಿ ಟಿಕೆಟ್ ಕೊಂಡು ಬಂದವರು 14,55,439. ಅದೇ ಮೇ ತಿಂಗಳಲ್ಲಿ ಇನ್ನೊಂದು ಕೆಲಸವಾಯ್ತು. ಡಾಕ್ಟರ್ ಸಿಡ್ನಿ ಫಾರ್ಬರ್ ಅವರ ಹತ್ತಿರ ಕ್ಯಾನ್ಸರಿಗೆ ಚಿಕಿತ್ಸೆ ಪಡೆಯುತ್ತಿದ್ದ ಹನ್ನೆರಡು ವರ್ಷದ ಹುಡುಗನೊಬ್ಬನ ಹಾಸಿಗೆಯ ಪಕ್ಕಕ್ಕೆ ರೇಡಿಯೋ ಮೈಕು ಹೋಯಿತು. ಹುಡುಗನ ನಿಜ ಹೆಸರು ಮುಚ್ಚಿಟ್ಟು ಜಿಮ್ಮಿ ಅಂತ ಕರೆದರು. ನಿನ್ನ ಮೆಚ್ಚಿನ ಆಟಗಾರರು ಯಾರು ಅಂತ ಕೇಳಿದರು. ಅವನು ಹೆಸರು ಹೇಳಿದಂತೆ ಬ್ರೇವ್ಸ್ ಆಟಗಾರರು ಒಬ್ಬೊಬ್ಬರೇ ಕೋಣೆಯೊಳಗೆ ಬಂದರು. ಆಟ ನೋಡಲು ಒಂದು ಟೆಲಿವಿಷನ್ ಬೇಕು ಎಂಬುದು ಹುಡುಗನ ಆಸೆ. ದೇಶದೆಲ್ಲೆಡೆಯಿಂದ ಹಣ ಬಂತು, ಎರಡು ಲಕ್ಷ ಡಾಲರ್ ದಾಟಿತು. ಜಿಮ್ಮಿ ಫಂಡ್ ಎಂಬ ಆ ನಿಧಿ ಇಂದಿಗೂ ನಡೆಯುತ್ತಿದೆ. ಜಿಮ್ಮಿ ತೀರಿಕೊಂಡಿರಬೇಕು ಅಂತ ಬಹಳ ಜನ ತಿಳಿದಿದ್ದರು. ಅವನು ಬದುಕಿದ್ದ. ಐನಾರ್ ಗುಸ್ತಾಫ್ಸನ್ ಎಂಬ ಆತ ಐವತ್ತು ವರ್ಷದ ನಂತರ, 1998ರಲ್ಲಿ, ಜನರ ಮುಂದೆ ಬಂದು ನಿಂತ.

1950ರಲ್ಲಿ ಸ್ಯಾಮ್ ಜೆಥ್ರೋ ಬ್ರೇವ್ಸ್ ಸೇರಿದ. ಬಾಸ್ಟನ್ನಿನ ದೊಡ್ಡ ಲೀಗಿನ ಬೇಸ್‌ಬಾಲಿನಲ್ಲಿ ಆಡಿದ ಮೊದಲ ಕಪ್ಪು ಜನಾಂಗದ ಆಟಗಾರ ಅವನು. ಊರಿನ ಇನ್ನೊಂದು ತಂಡ ರೆಡ್ ಸಾಕ್ಸ್ ಅಷ್ಟು ಮಾಡಲು 1959ರ ತನಕ ತೆಗೆದುಕೊಂಡಿತು. ಫೆನ್‌ವೇ ಪಾರ್ಕಿನ ಹೆಸರು ಜಗತ್ತಿಗೆಲ್ಲ ಗೊತ್ತು. ಬಾಗಿಲನ್ನು ಮೊದಲು ಅಗಲವಾಗಿ ತೆರೆದದ್ದು ಮಾತ್ರ ಮರೆತುಹೋದ ಮೈದಾನ.

ಬಾಗಿಲು ಬಿದ್ದ ದಿನ

ಸುಗ್ಗಿ ನಿಲ್ಲಲಿಲ್ಲ. ಒಂದೇ ಊರಿಗೆ ಎರಡು ತಂಡ ಹೆಚ್ಚಾಯಿತು. ಮನೆಯಲ್ಲೇ ಟೆಲಿವಿಷನ್ ಮುಂದೆ ಕೂತು ನೋಡುವವರೂ ಹೆಚ್ಚಾದರು. 14 ಲಕ್ಷ ಇದ್ದ ಜನ 1952ರಲ್ಲಿ 2,81,278ಕ್ಕೆ ಇಳಿದರು. ಆ ವರ್ಷದ ಸೆಪ್ಟೆಂಬರ್ 21ರಂದು ಬ್ರೂಕ್ಲಿನ್ ಮೇಲೆ ನಡೆದ ಊರಿನ ಕೊನೆಯ ಪಂದ್ಯಕ್ಕೆ ಬಂದವರು 8,822 ಜನ. ಅದು ಕೊನೆಯದು ಅಂತ ಅವರಲ್ಲಿ ಒಬ್ಬರಿಗೂ ಯಾರೂ ಹೇಳಿರಲಿಲ್ಲ. ಮಾಲೀಕ ಲೂ ಪೆರಿನಿ ಮರುವರ್ಷದ ಮಾರ್ಚಿನಲ್ಲಿ, ಆಟಗಾರರು ಫ್ಲಾರಿಡಾದಲ್ಲಿ ಅಭ್ಯಾಸ ನಡೆಸಿರುವಾಗಲೇ, ತಂಡವನ್ನು ಮಿಲ್ವಾಕಿ ನಗರಕ್ಕೆ ಎತ್ತಿಕೊಂಡು ಹೋದ. ಪೆರಿನಿಯೂ ಕಂಟ್ರಾಕ್ಟರನೇ. ಕಟ್ಟಿದವನೂ ಕಂಟ್ರಾಕ್ಟರ್, ಬಿಟ್ಟವನೂ ಕಂಟ್ರಾಕ್ಟರ್.

ವ್ಯಾಪಾರದ ಲೆಕ್ಕದಲ್ಲಿ ಅವನು ಗೆದ್ದ. ಮಿಲ್ವಾಕಿಯಲ್ಲಿ ಮೊದಲ ವರ್ಷವೇ 18 ಲಕ್ಷ ಜನ. ಊರು ಕಳೆದುಕೊಂಡದ್ದಕ್ಕೆ ಲೆಕ್ಕವಿಲ್ಲ. 1952ರಲ್ಲಿ ಬಾಸ್ಟನ್ ಬ್ರೇವ್ಸ್ ಸಂಸ್ಥೆ ಹ್ಯಾಂಕ್ ಆರನ್ ಎಂಬ ಹುಡುಗನನ್ನು ಸೇರಿಸಿಕೊಂಡಿತ್ತು. 1974ರಲ್ಲಿ ಬೇಬ್ ರೂತನ 714 ಹೋಮ್ ರನ್‌ಗಳ ದಾಖಲೆ ಮುರಿದವನು ಅವನೇ. ಆ ಹೊತ್ತಿಗೆ ಬ್ರೇವ್ಸ್ ಮಿಲ್ವಾಕಿಯನ್ನೂ ಬಿಟ್ಟು ಅಟ್ಲಾಂಟಾ ಸೇರಿಯಾಗಿತ್ತು. ಒಮ್ಮೆ ಊರು ಬಿಟ್ಟವನಿಗೆ ಇನ್ನೊಂದು ಊರು ಬಿಡುವುದು ಕಷ್ಟವೇ?

ವಿಶ್ವವಿದ್ಯಾನಿಲಯದ ಕೈಗೆ

ಖಾಲಿ ಬಿದ್ದ ಮೈದಾನವನ್ನು 1953ರಲ್ಲೇ ಬಾಸ್ಟನ್ ವಿಶ್ವವಿದ್ಯಾನಿಲಯ ಕೊಂಡಿತು. ಇಲ್ಲಿ ಅದಕ್ಕೆ ಸಲ್ಲಬೇಕಾದ ಗೌರವ ಸಲ್ಲಿಸಲೇಬೇಕು. ಅದೇ ಕಾಲದ ಬೇರೆ ಮೈದಾನಗಳ ಗತಿ ನೋಡಿ. ಬ್ರೂಕ್ಲಿನ್ನಿನ ಎಬೆಟ್ಸ್ ಫೀಲ್ಡ್ 1960ರಲ್ಲಿ ನೆಲಸಮವಾಗಿ ಅಲ್ಲಿ ವಸತಿ ಕಟ್ಟಡಗಳು ಎದ್ದವು. ನ್ಯೂಯಾರ್ಕಿನ ಪೋಲೋ ಗ್ರೌಂಡ್ಸ್ 1964ರಲ್ಲಿ ಅದೇ ದಾರಿ ಹಿಡಿಯಿತು. ಬ್ರೇವ್ಸ್ ಫೀಲ್ಡಿನಲ್ಲಿ ಮಾತ್ರ ಹುಡುಗರು ಇನ್ನೂ ಬೆವರು ಸುರಿಸುತ್ತಿದ್ದಾರೆ. ಮುಖ್ಯ ಗ್ಯಾಲರಿಗಳನ್ನು ಕೆಡವಿ ಆ ಜಾಗದಲ್ಲಿ 1960ರ ದಶಕದಲ್ಲಿ ಮೂರು ಹಾಸ್ಟೆಲ್ ಕಟ್ಟಿದರು, ಸರಿ. ಆದರೆ ಬಲಗಡೆಯ ಗ್ಯಾಲರಿ ಉಳಿಯಿತು. ಹೊರಗೋಡೆಯ ಒಂದು ಭಾಗ ಉಳಿಯಿತು. ಟಿಕೆಟ್ ಮಾರುತ್ತಿದ್ದ ಕಚೇರಿಯೂ ಉಳಿಯಿತು. ಅಲ್ಲಿ ಕ್ಯಾಂಪಸ್ ಪೊಲೀಸರ ಠಾಣೆ ಬಂತು.

1960ರ ಸೆಪ್ಟೆಂಬರ್ 9ರಂದು ಅಮೆರಿಕನ್ ಫುಟ್‌ಬಾಲ್ ಲೀಗ್ ಎಂಬ ಹೊಸ ಲೀಗಿನ ಮೊಟ್ಟಮೊದಲ ಪಂದ್ಯ ನಡೆದದ್ದೂ ಇಲ್ಲಿಯೇ. ಡೆನ್ವರ್ ತಂಡ ಬಾಸ್ಟನ್ ಪೇಟ್ರಿಯಟ್ಸ್ ತಂಡವನ್ನು 13-10ರಲ್ಲಿ ಸೋಲಿಸಿತು. 1963ರಲ್ಲಿ ಮೈದಾನಕ್ಕೆ ವಿಲಿಯಂ ನಿಕರ್‌ಸನ್ ಹೆಸರಿಟ್ಟರು. ಜಿಲೆಟ್ ಸೇಫ್ಟಿ ರೇಜರಿನ ಬ್ಲೇಡು ತಯಾರಿಸುವ ಯಂತ್ರ ರೂಪಿಸಿದ ಪುಣ್ಯಾತ್ಮ ಅವರು, ವಿಶ್ವವಿದ್ಯಾನಿಲಯದ ಧರ್ಮದರ್ಶಿಗಳಲ್ಲಿ ಒಬ್ಬರು. ಪಕ್ಕದ ಗ್ಯಾಫ್ನಿ ಬೀದಿಗೆ ಮುಂದೆ ಹ್ಯಾರಿ ಅಗ್ಯಾನಿಸ್ ಹೆಸರು ಬಂತು. ಇದೇ ವಿಶ್ವವಿದ್ಯಾನಿಲಯದಲ್ಲಿ ಓದಿ ಆಡಿ, ರೆಡ್ ಸಾಕ್ಸ್ ತಂಡಕ್ಕೆ ಸೇರಿ, 1955ರಲ್ಲಿ 26ರ ಹರೆಯದಲ್ಲೇ ಕಾಯಿಲೆಯಿಂದ ತೀರಿಕೊಂಡ ಹುಡುಗ. ಅವನ ಹೆಸರಿನ ಬೀದಿ ಇದೆ, ದೊಡ್ಡ ಒಳಾಂಗಣ ಕ್ರೀಡಾಂಗಣ ಇದೆ, ಪ್ರತಿಮೆಯೂ ಇದೆ.

ಅವನು ಆಡಿದ ಆಟಗಳಿಗೆ ಏನಾಯ್ತು? ಅವನು ಆಡಿದ್ದು ಬೇಸ್‌ಬಾಲ್ ಮತ್ತು ಅಮೆರಿಕನ್ ಫುಟ್‌ಬಾಲ್. ಬೇಸ್‌ಬಾಲ್ 1995ರಲ್ಲಿ ನಿಂತಿತು. ಅಮೆರಿಕನ್ ಫುಟ್‌ಬಾಲ್ 1997ರಲ್ಲಿ ನಿಂತಿತು. ಆಟಗಾರನ ಪ್ರತಿಮೆ ಇಟ್ಟು ಆಟವನ್ನು ಹೊರಗೆ ಕಳಿಸಿದರು.

ಪಿಟ್ಸ್‌ಬರ್ಗಿನವರು ಮಾಡಿದ್ದು

ಇದಕ್ಕೆ ತದ್ವಿರುದ್ಧವಾದ ಕತೆ ಪಿಟ್ಸ್‌ಬರ್ಗ್ ನಗರದ್ದು. ಬೇಬ್ ರೂತ್ ಬ್ರೇವ್ಸ್ ಅಂಗಿಯಲ್ಲಿ ತನ್ನ ಕೊನೆಯ ಮೂರು ಹೋಮ್ ರನ್ ಬಾರಿಸಿದ್ದು ಅಲ್ಲಿಯ ಫೋರ್ಬ್ಸ್ ಫೀಲ್ಡಿನಲ್ಲಿ, 1935ರ ಮೇ 25ರಂದು. 1909ರಲ್ಲಿ ಕಟ್ಟಿದ ಆ ಮೈದಾನವನ್ನು 1958ರಲ್ಲಿ ಪಿಟ್ಸ್‌ಬರ್ಗ್ ವಿಶ್ವವಿದ್ಯಾನಿಲಯ ಕೊಂಡಿತು. 1970ರ ಜೂನ್ 28ಕ್ಕೆ ಅಲ್ಲಿ ಕೊನೆಯ ಆಟ. ಆಮೇಲೆ ಕೆಡವಿ ಪಾಠದ ಕಟ್ಟಡ ಎಬ್ಬಿಸಿದರು.

ಆದರೆ ದೊಣ್ಣೆಗಾರ ನಿಲ್ಲುವ ಜಾಗದ ಹಲಗೆ, ಹೋಮ್ ಪ್ಲೇಟ್ ಅನ್ನುತ್ತಾರೆ, ಅದನ್ನು ಆ ಕಟ್ಟಡದ ನೆಲದಲ್ಲೇ ಗಾಜಿನಡಿ ಇಟ್ಟಿದ್ದಾರೆ. ಹೊರಗೆ ಹಳೇ ಇಟ್ಟಿಗೆ ಗೋಡೆಯ ಒಂದಷ್ಟು ಭಾಗ ನಿಂತಿದೆ. 1960ರ ಅಕ್ಟೋಬರ್ 13ರಂದು ಬಿಲ್ ಮ್ಯಾಜರೋಸ್ಕಿ ಕೊನೆಯ ಇನ್ನಿಂಗ್ಸಿನಲ್ಲಿ ಹೋಮ್ ರನ್ ಹೊಡೆದು ನ್ಯೂಯಾರ್ಕ್ ಯಾಂಕೀಸ್ ತಂಡವನ್ನು 10-9ರಲ್ಲಿ ಸೋಲಿಸಿದ್ದು ಈ ಮೈದಾನದಲ್ಲೇ. 1985ರಿಂದ ಪ್ರತಿ ಅಕ್ಟೋಬರ್ 13ಕ್ಕೆ ಊರಿನವರು ಆ ಗೋಡೆಯ ಹತ್ತಿರ ಸೇರಿ ಅವತ್ತಿನ ರೇಡಿಯೋ ವೀಕ್ಷಕ ವಿವರಣೆಯನ್ನು ಮೊದಲಿಂದ ಕೊನೆತನಕ ಕೇಳುತ್ತಾರೆ. ಫಲಿತಾಂಶ ಎಲ್ಲರಿಗೂ ಗೊತ್ತು. ಆದರೂ ಚೆಂಡು ಗೋಡೆ ದಾಟಿದಾಗ ಎಲ್ಲರೂ ಕೂಗುತ್ತಾರೆ. ಆ ವಿಶ್ವವಿದ್ಯಾನಿಲಯ ತನ್ನ ಬೇಸ್‌ಬಾಲ್ ತಂಡವನ್ನು ಕೈಬಿಡಲಿಲ್ಲ. 2011ರಲ್ಲಿ ಅದಕ್ಕೆ ಬೇರೆ ಹೊಸ ಮೈದಾನವನ್ನೇ ಕಟ್ಟಿತು.

ಪಿಟ್ಸ್‌ಬರ್ಗ್ ಮೈದಾನ ಕೆಡವಿ ಆಟ ಉಳಿಸಿತು. ಬಾಸ್ಟನ್ ಮೈದಾನ ಉಳಿಸಿ ಆಟ ನಿಲ್ಲಿಸಿತು. ಎರಡನ್ನೂ ಉಳಿಸಬಹುದಾಗಿತ್ತು ಎಂಬುದಷ್ಟೇ ಬೇಸರ.

ಲೆಕ್ಕ ಕೇಳುವವರು ಯಾರು?

ಇದಕ್ಕೆ ಒಂದು ಉತ್ತರ ಇದ್ದೇ ಇದೆ. ನೋಡುವವರಿಲ್ಲದ ಆಟಕ್ಕೆ ಯಾಕೆ ದುಡ್ಡು ಸುರಿಯಬೇಕು? ಗಿರಾಕಿ ಇಲ್ಲದ ಅಂಗಡಿಯನ್ನು ಯಾರಾದರೂ ತೆರೆದಿಡುತ್ತಾರೆಯೇ? ಮಾತು ನ್ಯಾಯವಾಗಿಯೇ ಕೇಳಿಸುತ್ತದೆ. ಪೆರಿನಿ ಹೇಳಿದ್ದರೆ ಒಪ್ಪಬಹುದು. ಅವನದು ವ್ಯಾಪಾರ. ನಷ್ಟವಾಯ್ತು, ಗಂಟು ಕಟ್ಟಿದ.

ವಿಶ್ವವಿದ್ಯಾನಿಲಯ ಅಂಗಡಿಯಲ್ಲ. ಬಾಸ್ಟನ್ನಿನಲ್ಲಿ ವಿದ್ಯಾಸಂಸ್ಥೆಗಳ ಪಾಠಪ್ರವಚನದ ಜಾಗಗಳಿಗೆ ಆಸ್ತಿ ತೆರಿಗೆ ಇಲ್ಲ. ನಗರ ಕೇಳಿದಾಗ ತಾವಾಗಿ ಒಂದಷ್ಟು ಕೊಡುತ್ತವೆ. ಅದೇ ಕಾಮನ್‌ವೆಲ್ತ್ ಅವೆನ್ಯೂದಲ್ಲಿ ಅಂಗಡಿ ಇಟ್ಟವನಿಗೆ ಆ ಸವಲತ್ತು ಇಲ್ಲ, ಅವನ ಕಟ್ಟಡದ ಮೇಲೆ ಪೂರ್ತಿ ತೆರಿಗೆ ಬೀಳುತ್ತದೆ. ಯಾಕೆ ಈ ವಿನಾಯಿತಿ? ವಿದ್ಯಾಸಂಸ್ಥೆ ಎಲ್ಲರಿಗೂ ಬೇಕಾದ ಕೆಲಸ ಮಾಡುತ್ತದೆ ಅಂತ. ಹಾಗಾದರೆ ಆ ಎಲ್ಲರಿಗೂ ಒಂದು ಮಾತು ಹೇಳುವ ಹಕ್ಕಿದೆ. ನಲವತ್ತು ಎಕರೆಯ ಕೆಲಸವಾಗಲಿ, ನಾಲ್ಕು ಗುಂಟೆಯ ಕೆಲಸವಾಗಲಿ, ಲಾಭನಷ್ಟದ ಪುಸ್ತಕ ಒಂದನ್ನೇ ತೆರೆದಿಟ್ಟು ತೀರ್ಮಾನ ಮಾಡುವುದು ಅವರಿಗೆ ಸಲ್ಲದು.

ಇನ್ನೂ ಒಂದು ವಿಷಯ. 1953ರಲ್ಲಿ ಆ ಜಾಗ ಕೊಂಡಾಗ ಸಿಕ್ಕಿದ್ದು ಬರೀ ಮಣ್ಣು, ಸಿಮೆಂಟು ಅಲ್ಲ. 37 ವರ್ಷ ಟ್ರಾಮು ಹತ್ತಿ ಬಂದವರ ಕೂಗು, ಮಳೆಯಲ್ಲಿ ನೆನೆದವರ ಕಾಸು, ಜ್ಯೂರಿ ಬಾಕ್ಸಿನ ಆ ಹನ್ನೆರಡು ಜನರ ಹಟ, ಎಲ್ಲ ಜೊತೆಗೇ ಬಂತು. ಅದಕ್ಕೆ ಬೆಲೆ ಕಟ್ಟಿರಲಿಲ್ಲ, ಯಾಕೆಂದರೆ ಅದು ಮಾರುವವನದ್ದಾಗಿರಲಿಲ್ಲ. ಮಾರುವವನದ್ದಲ್ಲದ್ದು ಕೊಳ್ಳುವವನದ್ದಾಗುವುದು ಹೇಗೆ?

ಬಾಸ್ಟನ್ ವಿಶ್ವವಿದ್ಯಾನಿಲಯ ಇವತ್ತಿಗೂ ಮಾಡಬಹುದಾದ ಕೆಲಸಗಳಿವೆ. ಉಳಿದಿರುವ ಗ್ಯಾಲರಿ, ಗೋಡೆ, ಟಿಕೆಟ್ ಕಚೇರಿಯನ್ನು ಮುಂದೆ ಯಾವ ಹೊಸ ಯೋಜನೆ ಬಂದರೂ ಮುಟ್ಟುವುದಿಲ್ಲ ಎಂಬ ಮಾತು ಊರಿಗೆ ಕೊಡಬಹುದು. ಅಭಿಮಾನಿಗಳ ಒತ್ತಾಯದ ಮೇಲೆ ಹಾಕಿದ ಒಂದು ನೆನಪಿನ ಫಲಕ ಅಲ್ಲಿದೆ. ಅಷ್ಟಕ್ಕೇ ಕೈತೊಳೆದುಕೊಳ್ಳದೆ ವರ್ಷಕ್ಕೊಂದು ದಿನ, ಆಗಸ್ಟ್ 18ರಂದು, ಬಾಗಿಲು ತೆರೆದು ಊರಿನ ಮಕ್ಕಳಿಗೆ ದೊಣ್ಣೆ, ಚೆಂಡು ಕೊಟ್ಟು ಬೇಸ್‌ಬಾಲ್ ಆಡಿಸಬಹುದು. ಒಂದು ದಿನದ ಖರ್ಚು ಎಷ್ಟಾದೀತು? 1946ರಲ್ಲಿ ಕ್ಲಬ್ಬಿನವರು ಜನರ ಬಟ್ಟೆಗೆ ಹತ್ತಿದ ಹಸಿರು ಬಣ್ಣಕ್ಕೂ ದುಡ್ಡು ಕೊಟ್ಟಿದ್ದರು.

ಯಾವ ಊರಿನ ಮೈದಾನವಾದರೂ ಅಷ್ಟೇ. ಮೊದಲು ಆಟ ನಿಲ್ಲುತ್ತದೆ, ಆಮೇಲೆ ಜನ ಬರುವುದು ನಿಲ್ಲುತ್ತದೆ, ಕೊನೆಗೆ ಖಾಲಿ ಇದೆಯಲ್ಲ ಅಂತ ಕಟ್ಟಡ ಏಳುತ್ತದೆ. ಕಟ್ಟಡ ಏಳುವಾಗ ಬಾಯಿ ಬಿಟ್ಟರೆ ಪ್ರಯೋಜನವಿಲ್ಲ. ಆಟ ನಿಂತ ದಿನವೇ ಕೇಳಬೇಕು.